ಗೆಳೆತನ, ಭೂಮಿ ಮತ್ತು ಗುಟ್ಟಿನ ಕಾಗದಗಳು



ನಮ್ಮ ಸಂಘಕ್ಕೆ ಇಪ್ಪತ್ತೈದು ವರ್ಷ ತುಂಬಿದ ಈ ಶುಭ ಸಂದರ್ಭದಲ್ಲಿ ಸ್ಮರಣ ಸಂಚಿಕೆಗೆ ಒಂದು ಚರಿತ್ರೆಯ ಲೇಖನ ಬೇಕು ಎಂದು ಸಂಪಾದಕ ಸಮಿತಿಯವರು ಕೇಳಿದಾಗ, ಬೆಳ್ಳಂದೂರು ಕೆರೆಯ ಬಗ್ಗೆ ಬರೆದುಬಿಡೋಣ ಎಂದುಕೊಂಡೆವು. ಆದರೆ 2015ರಲ್ಲಿ, 2017ರಲ್ಲಿ, 2018ರಲ್ಲಿ ಕೆರೆಗೆ ಬೆಂಕಿ ಬಿದ್ದ ಮೇಲೆ ಅದರ ಬಗ್ಗೆ ಬರೆಯದ ಪತ್ರಿಕೆಯೇ ಇಲ್ಲ. ನಮ್ಮೂರಿನ ಮನೆಮನೆಯಲ್ಲೂ ನಡೆದು, ಯಾರೂ ಬರೆದಿಡದೆ ಹೋದ ಇನ್ನೊಂದು ಸಂಗತಿ ಇದೆ. ಅದು ನಮ್ಮ ಜಮೀನುಗಳು ಕೈಬದಲಾದ ಸಂಗತಿ. ಅದನ್ನು ಬರೆಯುವ ಧೈರ್ಯ ನಮಗೆ ಬಂದದ್ದು ಒಂದು ಹಳೇ ಕಾಗದದಿಂದ.

ಸಂಚಿಕೆಗೆ ಹಳೆಯ ಫೋಟೋಗಳನ್ನು ಹುಡುಕುತ್ತಾ ನಮ್ಮ ಸಂಘದ ಹಿರಿಯ ಸದಸ್ಯರೊಬ್ಬರ ಮನೆಗೆ ಹೋಗಿದ್ದೆವು. ಅವರು ಟ್ರಂಕು ತೆಗೆದು ಫೋಟೋಗಳ ಜೊತೆ ಒಂದು ಇನ್‌ಲ್ಯಾಂಡ್ ಕಾಗದವನ್ನೂ ನಮ್ಮ ಕೈಗಿಟ್ಟರು. ಅವರ ಜೊತೆ ಓದಿ, ಆಮೇಲೆ ಪಟ್ಟಣ ಸೇರಿದ ಗೆಳೆಯರೊಬ್ಬರು ಬರೆದದ್ದು. ಮೇಲೆ ಕ್ಷೇಮಸಮಾಚಾರ, ಮಕ್ಕಳ ಓದಿನ ವಿಚಾರ. ಕೆಳಗೆ ನಾಲ್ಕು ಸಾಲು: ರಿಂಗ್ ರಸ್ತೆ ನಿಮ್ಮ ಕಡೆಯಿಂದಲೇ ಬರುತ್ತೆ, ಪಕ್ಕದ ಎರಡು ಎಕರೆ ಸಿಕ್ಕರೆ ಬಿಡಬೇಡ, ಯಾರಿಗೂ ಹೇಳಬೇಡ, ಓದಿದ ಮೇಲೆ ಹರಿದುಹಾಕು. ಪಕ್ಕದ ಜಮೀನಿನವರು ಆ ವರ್ಷ ಮಗಳ ಮದುವೆಗೆ ದುಡ್ಡು ಹೊಂದಿಸುತ್ತಿದ್ದರು. ಎರಡು ಎಕರೆ ನಮ್ಮ ಹಿರಿಯರ ಪಾಲಾಯಿತು. ಕಾಗದವನ್ನು ಮಾತ್ರ ಅವರು ಹರಿಯಲಿಲ್ಲ. ಯಾಕೆ ಎಂದು ನಾವು ಕೇಳಿದ್ದಕ್ಕೆ ಅವರು ಹೇಳಿದ್ದನ್ನು ಲೇಖನದ ಕೊನೆಯಲ್ಲಿ ಹೇಳುತ್ತೇವೆ. ಹೆಸರು ಹಾಕಬೇಡಿ, ವಿಷಯ ಬರೆಯಿರಿ ಎಂದು ಅವರೇ ಒಪ್ಪಿಗೆ ಕೊಟ್ಟಿದ್ದಾರೆ.

ಆ ಕಾಗದ ಓದಿದಾಗ ನಮಗೆ ನೆನಪಾದದ್ದು ಇನ್ನೊಂದು ಕಾಗದ. ಬರೆದವರು ಜಾರ್ಜ್ ವಾಷಿಂಗ್ಟನ್. ಎಲ್ಲಿಯ ಅಮೆರಿಕ, ಎಲ್ಲಿಯ ಬೆಳ್ಳಂದೂರು ಎಂದು ಓದುಗರು ನಗಬಾರದು. ವಿಷಯ ಒಂದೇ ಆಗಿದೆ, ನೋಡಿ.

ವಾಷಿಂಗ್ಟನ್ ಬರೆದ ಕಾಗದ

ಅದು 1767ರ ಸೆಪ್ಟೆಂಬರ್ ತಿಂಗಳು. ವಾಷಿಂಗ್ಟನ್ ಆಗಿನ್ನೂ ರಾಷ್ಟ್ರಪತಿಯಲ್ಲ. ಅದಕ್ಕೆ ಇನ್ನೂ 22 ವರ್ಷ ಬಾಕಿ ಇತ್ತು. ವರ್ಜೀನಿಯಾದಲ್ಲಿ ಆಳುಕಾಳು ಇಟ್ಟುಕೊಂಡು ದೊಡ್ಡ ಬೇಸಾಯ ಮಾಡಿಸುತ್ತಿದ್ದ, ಹರೆಯದಲ್ಲಿ ಮೋಜಣಿ ಕೆಲಸ ಕಲಿತಿದ್ದ, ಅಲ್ಲಿಯ ಶಾಸನಸಭೆಯ ಸದಸ್ಯರಾಗಿದ್ದ 35 ವರ್ಷದ ಗೃಹಸ್ಥ. ಅವರ ಹಳೆಯ ಪರಿಚಯದ ವಿಲಿಯಂ ಕ್ರಾಫರ್ಡ್ ಎಂಬಾತ ಬೆಟ್ಟಗಳಾಚೆ, ಯಾಕಿಯೋಘೇನಿ ನದಿಯ ದಂಡೆಯಲ್ಲಿ ಮನೆ ಮಾಡಿಕೊಂಡಿದ್ದ. ಅವನೂ ಮೋಜಣಿದಾರ.

ಅದಕ್ಕೆ ನಾಲ್ಕು ವರ್ಷ ಮೊದಲು, 1763ರ ಅಕ್ಟೋಬರ್ 7ರಂದು, ಇಂಗ್ಲೆಂಡಿನ ದೊರೆ ಮೂರನೇ ಜಾರ್ಜ್ ಒಂದು ಆಜ್ಞೆ ಹೊರಡಿಸಿದ್ದ. ಅಪಲೇಶಿಯನ್ ಬೆಟ್ಟಸಾಲಿನ ಪಶ್ಚಿಮದ ನೆಲ ಅಲ್ಲಿಯ ಮೂಲನಿವಾಸಿಗಳಿಗೆ ಮೀಸಲು, ವಲಸೆಗಾರರು ಅಲ್ಲಿ ಜಮೀನು ಮಾಡಬಾರದು, ಕೊಳ್ಳಬಾರದು ಎಂಬುದು ಅದರ ಸಾರ. ಕಾನೂನಿನ ಪ್ರಕಾರ ಆಚೆಯ ನೆಲ ಯಾರೂ ಮುಟ್ಟುವಂತಿರಲಿಲ್ಲ.

ವಾಷಿಂಗ್ಟನ್ ಕಾಗದದಲ್ಲಿ ಬರೆದದ್ದರ ತಾತ್ಪರ್ಯ ಇಷ್ಟು: ಆ ಆಜ್ಞೆ ಇಂಡಿಯನ್ನರ ಮನಸ್ಸನ್ನು ಸಮಾಧಾನ ಮಾಡಲು ಮಾಡಿಕೊಂಡ ತಾತ್ಕಾಲಿಕ ಏರ್ಪಾಡು, ಕೆಲವು ವರ್ಷದಲ್ಲಿ ಬಿದ್ದುಹೋಗುತ್ತದೆ. ಈಗಲೇ ಒಳ್ಳೆಯ ನೆಲ ಹುಡುಕಿ ಗುರುತು ಹಾಕಿಕೊಳ್ಳದವನಿಗೆ ಮುಂದೆ ಅದು ಸಿಗುವುದಿಲ್ಲ. ನೀನು ನೆಲ ಹುಡುಕು, ಮೋಜಣಿಯ ಖರ್ಚು, ಪಟ್ಟಾ ಮಾಡಿಸುವ ಖರ್ಚು ನನ್ನದು, ನಿನಗೂ ಅದರಲ್ಲಿ ಪಾಲು ಇದೆ. ಈ ವಿಷಯ ಪೂರ್ತಿ ಗುಟ್ಟಾಗಿರಲಿ. ಕೇಳಿದವರಿಗೆ ಬೇಟೆಗೆ ಹೊರಟಿದ್ದೇನೆ ಅನ್ನು. ಗುಟ್ಟು ಯಾಕೆ ಎಂಬುದಕ್ಕೂ ಅವರೇ ಎರಡು ಕಾರಣ ಕೊಟ್ಟಿದ್ದಾರೆ. ದೊರೆಯ ಆಜ್ಞೆಯ ಬಗ್ಗೆ ಹೀಗೆ ಅಭಿಪ್ರಾಯ ಹೇಳಿದ್ದು ಹೊರಬಿದ್ದರೆ ತಮ್ಮ ಮೇಲೆ ಮಾತು ಬರುತ್ತದೆ, ಇದು ಒಂದು. ಬೇರೆಯವರಿಗೆ ಗೊತ್ತಾದರೆ ಅವರೂ ಅದೇ ನೆಲಕ್ಕೆ ಬೀಳುತ್ತಾರೆ, ಇದು ಎರಡು. ಆ ತಿಂಗಳು ಮುಗಿಯುವುದರೊಳಗೆ ಕ್ರಾಫರ್ಡ್ ಒಪ್ಪಿಕೊಂಡು ಉತ್ತರ ಬರೆದ.

ಇದು ಒಬ್ಬರ ಕಥೆ ಮಾತ್ರ ಅಲ್ಲ. ಬೆಂಜಮಿನ್ ಫ್ರಾಂಕ್ಲಿನ್ ಲಂಡನ್ನಿನಲ್ಲಿದ್ದಾಗ ಅವರೂ, ನ್ಯೂಜೆರ್ಸಿಯ ಗವರ್ನರ್ ಆಗಿದ್ದ ಅವರ ಮಗನೂ ಇಲಿನಾಯ್ ಸೀಮೆಯ ಜಮೀನು ಕಂಪನಿಯ ಬಗ್ಗೆ ಕಾಗದ ಬರೆದುಕೊಂಡಿದ್ದಾರೆ. ಆ ಕಾಲದ ದೊಡ್ಡ ಮನುಷ್ಯರ ಖಾಸಗಿ ಪತ್ರಗಳನ್ನು ತೆಗೆದರೆ ಮೊದಲು ಸ್ನೇಹ, ಆಮೇಲೆ ಜಮೀನು, ಅದರ ಹಿಂದೆಯೇ ರಾಜಕಾರಣ. ಸಭೆಯಲ್ಲಿ ಆಡುವ ಮಾತು ಬೇರೆ, ಕಾಗದದಲ್ಲಿ ಬರೆಯುವ ಮಾತು ಬೇರೆ.

1770ರ ಜನವರಿಯಲ್ಲಿ ವಾಷಿಂಗ್ಟನ್ ತಮ್ಮ ಚಾರ್ಲ್ಸನಿಗೆ ಬರೆದ ಇನ್ನೊಂದು ಕಾಗದವಿದೆ. ಹಿಂದಿನ ಯುದ್ಧದಲ್ಲಿ ದುಡಿದ ಸೈನಿಕರಿಗೆ 1754ರಲ್ಲಿ ಒಟ್ಟು 2 ಲಕ್ಷ ಎಕರೆ ಕೊಡುವುದಾಗಿ ಸರ್ಕಾರ ಮಾತು ಕೊಟ್ಟಿತ್ತು. ವರ್ಷಗಟ್ಟಲೆ ಕಾದು ಆ ಹಕ್ಕಿನ ಮೇಲೆ ಎಷ್ಟೋ ಜನಕ್ಕೆ ನಂಬಿಕೆಯೇ ಹೋಗಿತ್ತು. ಅಂಥವರನ್ನು ತಮಾಷೆಯ ಮಾತಿನಂತೆ ವಿಚಾರಿಸಿ ತಮ್ಮ ಹಕ್ಕನ್ನು ಎಷ್ಟಕ್ಕೆ ಕೊಡುತ್ತಾರೆ ತಿಳಿದುಕೋ, ಇದರಲ್ಲಿ ನಾನಿದ್ದೇನೆ ಎಂದು ಮಾತ್ರ ತಿಳಿಯಕೂಡದು ಎಂದು ಬರೆದಿದ್ದಾರೆ. ನಮ್ಮ ಕಡೆ ಟೀ ಅಂಗಡಿಯಲ್ಲಿ ಕೂತು "ಏನ್ ಗೌಡ್ರೆ, ಆ ಹೊಲದಲ್ಲಿ ಏನ್ ಬೆಳೀತೀರ, ಕೊಟ್ಟು ಹಾಯಾಗಿರಬಾರದಾ" ಅಂತ ಬ್ರೋಕರ್ ಮಾತು ತೆಗೆಯುತ್ತಿದ್ದದ್ದು ನೆನಪಾಗುವುದಿಲ್ಲವೇ?

ಅದೇ ವರ್ಷ ವಾಷಿಂಗ್ಟನ್ ಮತ್ತು ಕ್ರಾಫರ್ಡ್ ಓಹಾಯೋ ನದಿಯಲ್ಲಿ ದೋಣಿ ಹತ್ತಿ ಜೊತೆಯಾಗಿ ಜಮೀನು ನೋಡಲು ಹೋದರು. ಮುಂದೆ ಹಂಚಿಕೆಯಾದಾಗ ವಾಷಿಂಗ್ಟನ್ ಪಾಲಿಗೆ 20,000 ಎಕರೆಗೂ ಹೆಚ್ಚು ಬಂತು. ನದೀಪಾತ್ರದ ಒಳ್ಳೆಯ ನೆಲವೆಲ್ಲ ಅವರಿಗೇ ಹೋಯಿತು ಎಂದು ಜೊತೆಯ ಸೈನಿಕರಲ್ಲಿ ಕೆಲವರು ತಕರಾರು ಎತ್ತಿದರು.

ಗುರುತು ಹಾಕಿದ ನೆಲದಲ್ಲಿ ಇದ್ದವರು

ಆ ಕಾಗದಗಳಲ್ಲಿ ನೆಲ ಇದೆ, ನದಿ ಇದೆ, ಎಕರೆ ಇದೆ. ಆದರೆ ಆ ನೆಲದಲ್ಲಿ ತಲೆಮಾರುಗಳಿಂದ ಓಡಾಡಿಕೊಂಡಿದ್ದ ಶಾನಿ, ಡೆಲವೇರ್ ಜನ ಬರುವುದು ಅಡ್ಡಿಯಾಗಿ ಮಾತ್ರ. 1768ರಲ್ಲಿ ಫೋರ್ಟ್ ಸ್ಟಾನ್‌ವಿಕ್ಸ್ ಎಂಬಲ್ಲಿ ಆದ ಒಪ್ಪಂದದಲ್ಲಿ ಇರೊಕ್ವಾಯ್ ಮುಖಂಡರು ಓಹಾಯೋ ದಕ್ಷಿಣದ ನೆಲವನ್ನು ಇಂಗ್ಲಿಷರಿಗೆ ಬಿಟ್ಟುಕೊಟ್ಟರು. ಅಲ್ಲಿ ಬೇಟೆಯಾಡಿ ಬದುಕುತ್ತಿದ್ದವರು ಶಾನಿ ಜನ. ಅನುಭವದಲ್ಲಿ ಇದ್ದವನು ಒಬ್ಬ, ಸಹಿ ಹಾಕಿದವನು ಇನ್ನೊಬ್ಬ. ಪಹಣಿಯ ಕಲಂಗಳನ್ನು ನೋಡಿ ಅಭ್ಯಾಸವಿರುವ ನಮ್ಮವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಕ್ರಾಫರ್ಡನ ಕೊನೆ ಭಯಂಕರವಾಯಿತು. 1782ರ ಮಾರ್ಚಿಯಲ್ಲಿ ಗ್ನಾಡೆನ್‌ಹುಟನ್ ಎಂಬ ಹಳ್ಳಿಯಲ್ಲಿ ಅಮೆರಿಕನ್ ದಂಡಿನವರು ಕ್ರೈಸ್ತ ಮತಕ್ಕೆ ಸೇರಿದ್ದ 96 ಮಂದಿ ನಿರಾಯುಧ ಇಂಡಿಯನ್ನರನ್ನು, ಹೆಂಗಸರು ಮಕ್ಕಳೆನ್ನದೆ, ಕೊಂದರು. ಆ ದಂಡಿನಲ್ಲಿ ಕ್ರಾಫರ್ಡ್ ಇರಲಿಲ್ಲ. ಮೂರು ತಿಂಗಳ ನಂತರ ಇನ್ನೊಂದು ದಂಡಿನ ಮುಖ್ಯಸ್ಥನಾಗಿ ಹೋದ ಅವನು ಸೆರೆಸಿಕ್ಕ. ಜೂನ್ 11ರಂದು ಡೆಲವೇರ್ ಜನ ಅವನನ್ನು ಬೆಂಕಿಯಲ್ಲಿ ಸುಟ್ಟು ಸೇಡು ತೀರಿಸಿಕೊಂಡರು. ವಾಷಿಂಗ್ಟನ್ ಬಹಳ ನೊಂದುಕೊಂಡರು. ಆ ಸ್ನೇಹ ನಿಜವಾದದ್ದೇ ಆಗಿತ್ತು, ಅದರಲ್ಲಿ ನಮಗೆ ಸಂಶಯವಿಲ್ಲ.

ಕ್ರಾಫರ್ಡ್ ಅಳೆದುಕೊಟ್ಟಿದ್ದ ಒಂದು ಜಮೀನಿನಲ್ಲಿ ಬಡ ವಲಸೆಗಾರರು ಗುಡಿಸಲು ಹಾಕಿ ಬೇಸಾಯ ಮಾಡುತ್ತಿದ್ದರು. 1784ರಲ್ಲಿ ವಾಷಿಂಗ್ಟನ್ ತಾವೇ ಕುದುರೆ ಹತ್ತಿ ಹೋಗಿ ಮಾತಾಡಿದರು, ಬಗೆಹರಿಯಲಿಲ್ಲ. ಕೋರ್ಟಿಗೆ ಹೋಗಿ 1786ರಲ್ಲಿ ಗೆದ್ದರು. ಉತ್ತು ಬಿತ್ತಿದವರು ಜಾಗ ಖಾಲಿ ಮಾಡಿದರು. 1799ರಲ್ಲಿ ವಾಷಿಂಗ್ಟನ್ ತೀರಿಕೊಂಡಾಗ ಅವರ ಆಸ್ತಿಯಲ್ಲಿ 50,000 ಎಕರೆಗೂ ಮೀರಿದ ಭೂಮಿ ಇತ್ತು. ದೇಶ ಕಟ್ಟಿದ ಆ ಮಹನೀಯರನ್ನು ಹಳಿಯುವುದು ನಮ್ಮ ಉದ್ದೇಶವಲ್ಲ. ಅಷ್ಟು ದೊಡ್ಡವರೂ ಜಮೀನಿನ ವಿಚಾರ ಬಂದಾಗ ಗುಟ್ಟಿನ ಕಾಗದ ಬರೆದರು, ಇಷ್ಟನ್ನೇ ನಾವು ಹೇಳುವುದು.

ಅಲ್ಲಿಂದ ಬೆಂಗಳೂರಿಗೆ

ಅಮೆರಿಕದ ಈ ಕಥೆಗೂ ನಮ್ಮ ಸೀಮೆಗೂ ಒಬ್ಬ ಮನುಷ್ಯನ ಮೂಲಕ ನಂಟು ಇದೆ. 1781ರ ಅಕ್ಟೋಬರ್ 19ರಂದು ಯಾರ್ಕ್‌ಟೌನಿನಲ್ಲಿ ವಾಷಿಂಗ್ಟನ್ ಸೈನ್ಯಕ್ಕೆ ಶರಣಾದ ಇಂಗ್ಲಿಷ್ ದಳಪತಿ ಕಾರ್ನ್‌ವಾಲಿಸ್, ಹತ್ತು ವರ್ಷ ಕಳೆಯುವುದರೊಳಗೆ ಗವರ್ನರ್ ಜನರಲ್ ಆಗಿ ದಂಡು ತಂದು 1791ರ ಮಾರ್ಚಿ 21ರ ರಾತ್ರಿ ಬೆಂಗಳೂರಿನ ಕೋಟೆ ಹಿಡಿದ. ಅಮೆರಿಕದಲ್ಲಿ ಕಳೆದುಕೊಂಡ ಇಂಗ್ಲಿಷರು ಇಲ್ಲಿ ಗಳಿಸಲು ನಿಂತರು. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿತ್ತು, ಟಿಪ್ಪು ಸುಲ್ತಾನ್ ಮಡಿದರು.

ಆಮೇಲೆ ಇಲ್ಲಿಯೂ ಒಂದು ಸ್ನೇಹ ಬೆಳೆಯಿತು. ಟಿಪ್ಪುವಿನ ಬಳಿ ಹಣಕಾಸು ನೋಡಿಕೊಳ್ಳುತ್ತಿದ್ದ ಪೂರ್ಣಯ್ಯನವರು, ಐದು ವರ್ಷದ ಬಾಲಕ ಮುಮ್ಮಡಿ ಕೃಷ್ಣರಾಜ ಒಡೆಯರ ದಿವಾನರಾದರು. ಇಂಗ್ಲಿಷರ ಕಡೆ ರೆಸಿಡೆಂಟ್ ಬ್ಯಾರಿ ಕ್ಲೋಸ್, ದಂಡಿನ ಮುಖ್ಯಸ್ಥ ಆರ್ಥರ್ ವೆಲ್ಲೆಸ್ಲಿ. ಈ ವೆಲ್ಲೆಸ್ಲಿಯೇ ಮುಂದೆ 1815ರಲ್ಲಿ ವಾಟರ್ಲೂನಲ್ಲಿ ನೆಪೋಲಿಯನ್ನನನ್ನು ಸೋಲಿಸಿದ ವೆಲ್ಲಿಂಗ್ಟನ್. 1805ರ ಮಾರ್ಚಿಯಲ್ಲಿ ಇಂಡಿಯಾ ಬಿಟ್ಟು ಹೊರಡುವಾಗ ವೆಲ್ಲೆಸ್ಲಿ ಪೂರ್ಣಯ್ಯನವರಿಗೆ ಕಾಗದ ಬರೆದು, ಅವರ ಸಹಾಯವನ್ನೆಲ್ಲ ನೆನೆದು, ನೆನಪಿಗೆ ತನ್ನ ಚಿತ್ರಪಟವನ್ನು ಇಟ್ಟುಕೊಳ್ಳಬೇಕೆಂದು ಕೇಳಿಕೊಂಡ. 1807ರ ಡಿಸೆಂಬರಿನಲ್ಲಿ ಪೂರ್ಣಯ್ಯನವರಿಗೆ ಯಳಂದೂರು ಜಹಗೀರು ಸಿಕ್ಕಿತು.

ಇಲ್ಲಿಯೂ ಸ್ನೇಹವಿದೆ, ರಾಜಕಾರಣವಿದೆ, ಕೊನೆಗೆ ಭೂಮಿಯೂ ಇದೆ. ಆದರೆ ಒಂದು ವ್ಯತ್ಯಾಸ ಗಮನಿಸಬೇಕು. ಜಹಗೀರು ಬಂದದ್ದು ಮಾಡಿದ ಸೇವೆಗೆ, ಎಲ್ಲರಿಗೂ ಗೊತ್ತಾಗುವ ಹಾಗೆ. ಬೇಟೆಯ ನೆಪ ಹೇಳಬೇಕಾಗಿರಲಿಲ್ಲ. ಹಾಗೆಂದು ಯಳಂದೂರಿನ ರೈತನನ್ನು ನಿನ್ನ ಮೇಲೆ ಯಾರು ಒಡೆಯರಾಗಲಿ ಎಂದು ಯಾರೂ ಕೇಳಲಿಲ್ಲ, ಅದೂ ನಿಜವೇ. ಉಳುವವನನ್ನು ಕೇಳುವ ಕಾಲ ಬರಲು ಇನಾಂ ರದ್ದತಿ ಕಾನೂನುಗಳು, 1961ರ ಭೂಸುಧಾರಣಾ ಕಾಯಿದೆ, ಅದಕ್ಕೆ 1974ರಲ್ಲಿ ಬಂದ ದೊಡ್ಡ ತಿದ್ದುಪಡಿ, ಇಷ್ಟೂ ಆಗಬೇಕಾಯಿತು.

ಸಹಕಾರದ ಹೆಸರಿನಲ್ಲಿ

ಈಗ ನಮಗೆ ನೋವಾದರೂ ಹೇಳಲೇಬೇಕಾದ ಭಾಗಕ್ಕೆ ಬರುತ್ತೇವೆ. ಬೆಂಗಳೂರಿನ ಸುತ್ತಮುತ್ತ ಜಮೀನಿನ ಗುಟ್ಟಿನ ವ್ಯವಹಾರಕ್ಕೆ ಸಹಕಾರ ಸಂಘಗಳೇ ಮುಸುಕಾದ ಕಾಲವೊಂದಿತ್ತು. 1980ರ ದಶಕದಲ್ಲಿ ಗೃಹನಿರ್ಮಾಣ ಸಹಕಾರ ಸಂಘಗಳಿಗಾಗಿ ಸರ್ಕಾರ ರೈತರ ಜಮೀನು ಸ್ವಾಧೀನ ಮಾಡಿಕೊಡುತ್ತಿತ್ತು. ಮನೆಯಿಲ್ಲದ ನೌಕರರಿಗೆ ನಿವೇಶನ ಸಿಗಲಿ ಎಂಬುದು ಒಳ್ಳೆಯ ಉದ್ದೇಶವೇ. ಆದರೆ ಅರ್ಹರಲ್ಲದವರನ್ನು ಸದಸ್ಯರಾಗಿ ಸೇರಿಸಿಕೊಂಡದ್ದು, ನಡುವೆ ಏಜೆಂಟರು ನಿಂತದ್ದು ಜಿ.ವಿ.ಕೆ. ರಾವ್ ಸಮಿತಿಯ ವರದಿಯಲ್ಲಿ ಹೊರಬಂತು. 1991ರಲ್ಲಿ ಕರ್ನಾಟಕ ಹೈಕೋರ್ಟು ಇಂಥ ಸ್ವಾಧೀನಗಳನ್ನು ರದ್ದುಮಾಡಿತು.

ಎಚ್.ಎಂ.ಟಿ. ಹೌಸ್ ಬಿಲ್ಡಿಂಗ್ ಸೊಸೈಟಿಯ ಪ್ರಕರಣ ಸುಪ್ರೀಂ ಕೋರ್ಟಿನವರೆಗೂ ಹೋಗಿ, ಅದರ ತೀರ್ಪು 1995ರ ಕಾನೂನು ವರದಿಗಳಲ್ಲಿ ಅಚ್ಚಾಗಿದೆ. ಅಲ್ಲಿ ಹೊರಬಿದ್ದದ್ದೂ ಒಂದು ಕಾಗದವೇ. ಭೂಸ್ವಾಧೀನ ಕಾಯಿದೆಯ 4(1) ಮತ್ತು 6(1)ನೇ ಕಲಮಿನ ಅಧಿಸೂಚನೆಗಳು ಹೊರಡುವಂತೆ ಮಾಡಿಸಿಕೊಡಲು ಸಂಘ ಒಬ್ಬ ಮಧ್ಯವರ್ತಿ ಸಂಸ್ಥೆಯ ಜೊತೆ ಒಪ್ಪಂದ ಮಾಡಿಕೊಂಡಿತ್ತು, ಅದಕ್ಕೆ ಕಂತಿನಲ್ಲಿ ಹಣ ಗೊತ್ತಾಗಿತ್ತು. ಸರ್ಕಾರದ ಗೆಜೆಟ್ಟಿನಲ್ಲಿ ಬರಬೇಕಾದ್ದು ಖಾಸಗಿ ಕರಾರಿನಲ್ಲಿ ಮೊದಲೇ ಬೆಲೆ ಕಟ್ಟಿಸಿಕೊಂಡಿತ್ತು ಎಂದಾಯಿತು. ಇದು ಸಾರ್ವಜನಿಕ ಉದ್ದೇಶವಾಗುವುದಿಲ್ಲ ಎಂದು ಸುಪ್ರೀಂ ಕೋರ್ಟು ಸ್ವಾಧೀನದ ರದ್ದತಿಯನ್ನು ಎತ್ತಿಹಿಡಿಯಿತು. ಪರಿಹಾರದ ಹಣ ವಾಪಸು ಪಡೆದು ಜಮೀನನ್ನು ರೈತರಿಗೆ ಹಿಂದಿರುಗಿಸಬೇಕು, ಕೋರ್ಟಿಗೆ ಬಾರದ ರೈತರಿಗೂ ಇದು ಅನ್ವಯಿಸುತ್ತದೆ ಎಂದು ಹೇಳಿತು. 2012ರಲ್ಲಿ ಬೆಂಗಳೂರಿನ ಇನ್ನೊಂದು ಗೃಹನಿರ್ಮಾಣ ಸಂಘದ ಪ್ರಕರಣದಲ್ಲೂ ಸುಪ್ರೀಂ ಕೋರ್ಟು ಇದೇ ದಾರಿ ಹಿಡಿಯಿತು.

ಬೆಳ್ಳಂದೂರಿನಲ್ಲಿ

ನಮ್ಮೂರಿನ ಕಡೆ ನಡೆದದ್ದು ಹೆಚ್ಚಾಗಿ ಕೋರ್ಟಿಗೆ ಹೋಗದ ಬಗೆಯದು. ಕೆರೆ ಕೆಳಗೆ ಗದ್ದೆ, ಮೇಲೆ ರಾಗಿ ಅವರೆ ಹೊಲ, ತರಕಾರಿ ತೋಟ ಇದ್ದ ಊರು ಇದು. ಹೊರವರ್ತುಲ ರಸ್ತೆ ಬಂತು, ಟೆಕ್ ಪಾರ್ಕುಗಳು ಬಂದವು, 2007ರಲ್ಲಿ ನಮ್ಮ ಪಂಚಾಯಿತಿ ಹೋಗಿ ಬಿಬಿಎಂಪಿಗೆ ಸೇರಿದೆವು. ಎಕರೆ ಲೆಕ್ಕದ ಮಾತು ಗುಂಟೆಗೆ ಇಳಿದು, ಗುಂಟೆಯಿಂದ ಚದರಡಿಗೆ ಬಂತು. ಭೂಸುಧಾರಣಾ ಕಾಯಿದೆಯ 79ಎ ಮತ್ತು 79ಬಿ ಕಲಂ ಇದ್ದಷ್ಟು ಕಾಲ, ಅಂದರೆ 2020ರ ತಿದ್ದುಪಡಿಯವರೆಗೆ, ವ್ಯವಸಾಯಗಾರರಲ್ಲದವರು ವ್ಯವಸಾಯದ ಜಮೀನು ಸುಲಭವಾಗಿ ಕೊಳ್ಳುವಂತಿರಲಿಲ್ಲ. ಹಾಗಾದರೆ ಏನು ಮಾಡಿದರು? ವ್ಯವಸಾಯಗಾರ ಸ್ನೇಹಿತನೊಬ್ಬನ ಹೆಸರಲ್ಲಿ ಬರೆಸಿದರು, ಇಲ್ಲವೇ ಒಂದು ಅಗ್ರಿಮೆಂಟು, ಒಂದು ಜಿಪಿಎ. ಜಿಪಿಎಯಿಂದ ಮಾಲೀಕತ್ವ ಬರುವುದಿಲ್ಲ ಎಂದು 2011ರಲ್ಲಿ ಸುಪ್ರೀಂ ಕೋರ್ಟು ಖಚಿತವಾಗಿ ಹೇಳುವ ಹೊತ್ತಿಗೆ ಎಷ್ಟೋ ಮನೆಗಳ ಅಡ್ವಾನ್ಸು ಖರ್ಚಾಗಿ ಹೋಗಿತ್ತು.

ಬೆಲೆ ಏರಿತು ಎಂದು ಕೆಲವರು ಸುಖವಾಗಿದ್ದಾರೆ, ಅದಕ್ಕೆ ನಮ್ಮ ಸಂತೋಷವಿದೆ. ಆದರೆ ಒಂದೇ ಬದುವಿನ ಆಕಡೆ ಈಕಡೆ ಇದ್ದ ಎರಡು ಮನೆಗಳಲ್ಲಿ ಒಂದು ಮೂರು ಅಂತಸ್ತಿನದಾಗಿ, ಇನ್ನೊಂದರ ಮಕ್ಕಳು ಅದೇ ನೆಲದ ಮೇಲೆ ಎದ್ದ ಕಟ್ಟಡದ ಗೇಟಿನಲ್ಲಿ ಸೆಕ್ಯೂರಿಟಿ ಕೆಲಸ ಮಾಡುವಂತಾಗಿದ್ದರೆ, ಅದಕ್ಕೆ ಹಣೆಬರಹ ಒಂದೇ ಕಾರಣವಲ್ಲ. ರಸ್ತೆ ಎಲ್ಲಿ ಬರುತ್ತದೆ ಎಂದು ಒಬ್ಬನಿಗೆ ಮೊದಲೇ ಗೊತ್ತಿತ್ತು, ಇನ್ನೊಬ್ಬನಿಗೆ ಗೊತ್ತಿರಲಿಲ್ಲ. ಉಳುಮೆಯಲ್ಲಾಗಲಿ ಬುದ್ಧಿಯಲ್ಲಾಗಲಿ ಇಬ್ಬರಿಗೂ ವ್ಯತ್ಯಾಸವಿರಲಿಲ್ಲ.

ಸಹಕಾರ ಸಂಘ ಇದಕ್ಕೆ ತದ್ವಿರುದ್ಧವಾದ ಏರ್ಪಾಡು. 1905ರಲ್ಲಿ ಗದಗ ಸೀಮೆಯ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಸಂಘ ಕಟ್ಟಿದಾಗ ಹೊಸದಾಗಿ ತಂದದ್ದು ಹಣವನ್ನಲ್ಲ. ಹಳ್ಳಿಯಲ್ಲಿ ಸ್ನೇಹ ಮೊದಲೂ ಇತ್ತು, ಸಾಲ ಮೊದಲೂ ಇತ್ತು. ಯಾರಿಗೆ ಎಷ್ಟು ಕೊಟ್ಟೆವು, ಯಾಕೆ ಕೊಟ್ಟೆವು ಎಂಬುದು ಎಲ್ಲರೂ ನೋಡಬಹುದಾದ ಪುಸ್ತಕದಲ್ಲಿ ಬಂತು, ಅದೇ ಹೊಸದು. ಸ್ನೇಹವನ್ನು ರಿಜಿಸ್ಟರಿನಲ್ಲಿ ಬರೆದಿಟ್ಟರೆ ಅದು ಸಹಕಾರ, ಮುಚ್ಚಿಟ್ಟರೆ ಅದು ದಂಧೆ. ಗೃಹನಿರ್ಮಾಣ ಸಂಘಗಳು ಎಡವಿದ್ದು ಇಲ್ಲಿಯೇ.

ಆದ್ದರಿಂದ ನಮ್ಮ ಸದಸ್ಯರಲ್ಲಿ ಒಂದು ವಿನಂತಿ. ಇನ್ನೂ ಹತ್ತು ಗುಂಟೆ ಉಳಿಸಿಕೊಂಡಿರುವವರು ನಮ್ಮಲ್ಲಿದ್ದಾರೆ. ರಸ್ತೆ ಅಗಲೀಕರಣವೋ, ಮೆಟ್ರೋ ದಾರಿಯೋ, ಸ್ವಾಧೀನದ ನೋಟೀಸೋ, ಏನೇ ಸುದ್ದಿ ಕಿವಿಗೆ ಬಿದ್ದರೂ ಸಂಘದ ಆಫೀಸಿನ ನೋಟೀಸ್ ಬೋರ್ಡಿಗೆ ತನ್ನಿ. ಸರಿಯೋ ತಪ್ಪೋ ಎಲ್ಲರೂ ಸೇರಿ ವಿಚಾರಿಸೋಣ. ಎರಡನೆಯದು, ಮನೆಯಲ್ಲಿರುವ ಹಳೆಯ ಕಾಗದ, ಕ್ರಯಪತ್ರ, ಕಂದಾಯದ ರಸೀದಿ ಯಾವುದನ್ನೂ ಗುಜರಿಗೆ ಹಾಕಬೇಡಿ. ವಾಷಿಂಗ್ಟನ್ ಕಾಗದ ಉಳಿದದ್ದರಿಂದಲೇ ಇನ್ನೂರೈವತ್ತು ವರ್ಷದ ಮೇಲೂ ಸತ್ಯ ತಿಳಿಯಿತು. ನಮ್ಮೂರಿನ ಚರಿತ್ರೆ ನಮ್ಮ ಟ್ರಂಕುಗಳಲ್ಲೇ ಇದೆ.

ಕೊನೆಗೆ, ಆ ಹಿರಿಯರು ಹೇಳಿದ ಮಾತು. ಕಾಗದ ಯಾಕೆ ಹರಿಯಲಿಲ್ಲ ಎಂದು ಕೇಳಿದ್ದಕ್ಕೆ ಸ್ವಲ್ಪ ಹೊತ್ತು ಸುಮ್ಮನಿದ್ದು ಹೀಗೆಂದರು: "ಬರೆದೋನೂ ಗೆಳೆಯ, ಹೊಲ ಕೊಟ್ಟೋನೂ ಗೆಳೆಯ. ಒಬ್ಬನ ಮಾತು ಉಳಿಸ್ಕೊಂಡೆ, ಇನ್ನೊಬ್ಬನಿಗೆ ಹೇಳ್ಲಿಲ್ಲ. ಒಂದಿನ ಅವನಿಗೆ ತೋರಿಸಬೇಕು ಅಂತ ಇಟ್ಕೊಂಡಿದ್ದೆ ಕಣಪ್ಪ. ವರ್ಷವರ್ಷ ಸಂಘದ ಮೀಟಿಂಗಲ್ಲಿ ಪಕ್ಕದಲ್ಲೇ ಕೂತ್ಕೋತಾನೆ. ಇನ್ನೂ ತೋರಿಸಿಲ್ಲ."

ಈ ಸಂಚಿಕೆ ಅವರಿಬ್ಬರ ಮನೆಗೂ ಹೋಗುತ್ತದೆ.